ದಾವಣಗೆರೆ ಬಿಸಿಲಿಗೆ ಯಾವ ಚಾಕೊಲೇಟ್? ಡ್ರೈಫ್ರೂಟ್ ಬಾರ್ಕ್ ಮಾಡುವವರಿಗೊಂದು ಹೋಲಿಕೆ

ಮೊದಲ ಸಲ ಬಾರ್ಕ್ ಮಾಡಿ ತಟ್ಟೆಯಲ್ಲಿಟ್ಟಾಗ ನಮ್ಮತ್ತೆ ಕನ್ನಡಕ ಹಾಕಿಕೊಂಡು ಬಗ್ಗಿ ನೋಡಿದರು. "ಏನವಾ ಇದು, ಜಲ್ಲಿ ಹಾಕಿ ರೋಲರ್ ಹೊಡಿಯೋದು ಮರೆತ ಟಾರ್ ರೋಡ್ ಇದ್ದಂಗೈತಿ" ಅಂದರು. ಆಮೇಲೆ ಒಂದು ಚೂರು ಬಾಯಿಗೆ ಹಾಕಿಕೊಂಡರು. ಏನೂ ಹೇಳಲಿಲ್ಲ. ಇನ್ನೊಂದು ಚೂರು ಎತ್ತಿಕೊಂಡು ಟಿವಿ ಮುಂದೆ ಹೋಗಿ ಕೂತರು.

ಬಾರ್ಕ್ ಅಂದರೆ ಮರದ ತೊಗಟೆ. ಕರಗಿಸಿದ ಚಾಕೊಲೇಟನ್ನು ತೆಳ್ಳಗೆ ಹರಡಿ, ಮೇಲೆ ಶೇಂಗಾ, ಗೋಡಂಬಿ, ಒಣದ್ರಾಕ್ಷಿ ಉದುರಿಸಿ, ಗಟ್ಟಿಯಾದ ಮೇಲೆ ಕೈಯಲ್ಲಿ ಮುರಿಯುವುದು. ಚೂರುಗಳು ತೊಗಟೆಯ ಹಾಗೆ ಅಂಕುಡೊಂಕಾಗಿ ಬರುತ್ತವೆ. ಅಚ್ಚು ಬೇಡ, ಓವನ್ ಬೇಡ, ಚಿಕ್ಕಿಗೆ ಪಾಕ ಹಿಡಿಯುವಂಥ ತಲೆನೋವಿಲ್ಲ. ನೀರು ಕುಡಿದಷ್ಟು ಸುಲಭ ಅಂತ ನನಗೂ ಅನಿಸಿತ್ತು. ಆ ಮೊದಲ ಸಲ ಮಾಡಿದ್ದು ಡಿಸೆಂಬರ್‌ನಲ್ಲಿ. ಅದೇ ಅಳತೆ, ಅದೇ ಚಾಕೊಲೇಟು ಹಿಡಿದು ಏಪ್ರಿಲ್‌ನಲ್ಲಿ ಮಗಳ ಹುಟ್ಟುಹಬ್ಬಕ್ಕೆ ಮಾಡಿದೆ. ಡಬ್ಬಿ ತೆಗೆದರೆ ಚೂರುಗಳೆಲ್ಲ ಒಂದಕ್ಕೊಂದು ಅಂಟಿ ಒಂದೇ ಮುದ್ದೆ. ಮಕ್ಕಳು ಚಮಚ ತಗೊಂಡು ತಿಂದರು. ಅವರಿಗೇನೂ ಬೇಜಾರಾಗಲಿಲ್ಲ, ಆಗಿದ್ದು ನನಗೆ.

ಹಾಗಾಗಿ ಈಗ ಯಾರಾದರೂ "ಯಾವ ಚಾಕೊಲೇಟ್ ತಗೊಳ್ಳಲಿ?" ಅಂತ ಕೇಳಿದರೆ ನಾನು ಮೊದಲು ಕೇಳುವುದು, "ಯಾವ ತಿಂಗಳಲ್ಲಿ ಮಾಡ್ತೀರಿ?" ಅಂತ. ನಮ್ಮೂರಲ್ಲಿ ಉಳಿದ ಆಯ್ಕೆಗಳೆಲ್ಲ ಅದರ ಮೇಲೇ ನಿಂತಿವೆ.

ಕಾಂಪೌಂಡಾ, ಪ್ಯೂರಾ?

ಬೇಕರಿ ಸಾಮಾನಿನ ಅಂಗಡಿಗೆ ಹೋದರೆ ಮೊದಲು ಕೇಳುವ ಪ್ರಶ್ನೆ ಇದೇ. "ಅಕ್ಕಾ, ಕಾಂಪೌಂಡ್ ಕೊಡ್ಲೋ, ಪ್ಯೂರ್ ಕೊಡ್ಲೋ?" ಎರಡೂ ಒಂದೇ ಬಣ್ಣ, ಒಂದೇ ಥರದ ಇಟ್ಟಿಗೆ. ರೇಟು ಮಾತ್ರ ಬೇರೆ. ನಾನು ತರುವ ಕಡೆ ಪ್ಯೂರ್‌ನ ರೇಟು ಕಾಂಪೌಂಡಿನ ಎರಡು ಪಟ್ಟಿಗೂ ಜಾಸ್ತಿ. 2024ರಲ್ಲಿ ಐವರಿ ಕೋಸ್ಟ್, ಘಾನಾ ಕಡೆ ಕೋಕೋ ಬೆಳೆ ಕೈಕೊಟ್ಟು, ಪ್ರಪಂಚದ ಮಾರುಕಟ್ಟೆಯಲ್ಲಿ ಟನ್ನಿಗೆ 10,000 ಡಾಲರ್ ದಾಟಿತಲ್ಲ, ಆಗಿನಿಂದ ಪ್ಯೂರ್ ಸ್ಲ್ಯಾಬ್ ಕೈಗೆತ್ತಿಕೊಳ್ಳುವಾಗ ಒಂದು ಸಲ ಯೋಚನೆ ಮಾಡುವ ಹಾಗಾಗಿದೆ.

ಎರಡಕ್ಕೂ ಇರುವ ವ್ಯತ್ಯಾಸ ಕೊಬ್ಬಿನದು. ನಿಜವಾದ ಚಾಕೊಲೇಟಿನಲ್ಲಿ ಇರುವುದು ಕೋಕೋ ಬೆಣ್ಣೆ, ಅಂದರೆ ಕೋಕೋ ಬೀಜದ್ದೇ ಕೊಬ್ಬು. ಕಾಂಪೌಂಡಿನಲ್ಲಿ ಅದನ್ನು ತೆಗೆದು ವನಸ್ಪತಿಯ ಜಾತಿಯ ಗಟ್ಟಿ ಎಣ್ಣೆ ಹಾಕಿರುತ್ತಾರೆ, ರುಚಿಗೆ ಕೋಕೋ ಪುಡಿ ಬೆರೆಸಿರುತ್ತಾರೆ. ಪ್ಯಾಕೆಟ್ಟಿನ ಹಿಂದೆ ಸಣ್ಣ ಅಕ್ಷರದಲ್ಲಿ ಬರೆದಿರುತ್ತದೆ. ಸಾಮಾನಿನ ಪಟ್ಟಿಯಲ್ಲಿ ಯಾವುದು ಜಾಸ್ತಿ ಇದೆಯೋ ಅದರ ಹೆಸರು ಮೊದಲು ಬರುತ್ತದೆ. ಸಕ್ಕರೆ ಆದ ತಕ್ಷಣ "ಹೈಡ್ರೋಜನೇಟೆಡ್ ವೆಜಿಟೆಬಲ್ ಫ್ಯಾಟ್" ಅಂತ ಇದ್ದರೆ ಅದು ಕಾಂಪೌಂಡ್. "ಕೋಕೋ ಮಾಸ್", "ಕೋಕೋ ಬಟರ್" ಅಂತ ಇದ್ದರೆ ಪ್ಯೂರ್. ಮುಂದುಗಡೆ ದೊಡ್ಡದಾಗಿ "ಡಾರ್ಕ್", "ಪ್ರೀಮಿಯಂ" ಅಂತ ಏನೇ ಇರಲಿ, ಹಿಂದುಗಡೆ ಓದಿ.

ಬಾಯಿಗೆ ಹಾಕಿಕೊಂಡರೆ ಇನ್ನೂ ಬೇಗ ಗೊತ್ತಾಗುತ್ತದೆ. ಕೋಕೋ ಬೆಣ್ಣೆ ಕರಗುವುದು 34 ಡಿಗ್ರಿ ಸೆಲ್ಸಿಯಸ್ ಹತ್ತಿರ. ನಮ್ಮ ಮೈ ಬಿಸಿ 37. ಅದಕ್ಕೇ ಪ್ಯೂರ್ ಚಾಕೊಲೇಟು ನಾಲಿಗೆ ಮೇಲಿಟ್ಟ ತಕ್ಷಣ ಜಾರಿ ಹೋಗುತ್ತದೆ, ಬಾಯಲ್ಲಿ ಏನೂ ಉಳಿಯುವುದಿಲ್ಲ. ಕಾಂಪೌಂಡು ಹಾಗಲ್ಲ. ಕರಗಿದರೂ ಅಂಗುಳಕ್ಕೆ ಮೇಣದ ಥರ ಒಂದು ಪದರ ಮೆತ್ತಿಕೊಂಡಿರುತ್ತದೆ. ಬಿಸಿ ಕಾಫಿ ಕುಡಿದರೇ ಹೋಗುವುದು.

ಹಾಗಂತ ಕಾಂಪೌಂಡನ್ನು ಕೀಳು ಅಂತ ನಾನು ತಳ್ಳಿಹಾಕುವುದಿಲ್ಲ. ಅದಕ್ಕೆ ಟೆಂಪರಿಂಗ್, ಅಂದರೆ ಬಿಸಿ ಏರಿಸಿ ಇಳಿಸಿ ಹದಕ್ಕೆ ತರುವ ಕೆಲಸ, ಬೇಡ. ಕರಗಿಸಿ, ಸುರಿದು ಬಿಟ್ಟರೆ ತಾನೇ ಹೊಳಪಾಗಿ ಗಟ್ಟಿಯಾಗುತ್ತದೆ. ಬಿಸಿಲನ್ನೂ ಪ್ಯೂರ್‌ಗಿಂತ ಸ್ವಲ್ಪ ಜಾಸ್ತಿ ತಾಳುತ್ತದೆ. ಐವತ್ತು ಮಕ್ಕಳಿಗೆ ಹಂಚಬೇಕು, ಶಾಲೆಯಲ್ಲಿ ಸ್ಟಾಲ್ ಹಾಕಬೇಕು ಅಂದರೆ ಅದೇ ಸರಿ. ಮೋರ್ಡೆಯಂಥ ಕಂಪನಿಗಳ ಕಾಂಪೌಂಡ್ ಸ್ಲ್ಯಾಬ್ ಬೇಕರಿ ಸಾಮಾನಿನ ಅಂಗಡಿಗಳಲ್ಲಿ ಸುಲಭವಾಗಿ ಸಿಗುತ್ತದೆ. ಪ್ಯೂರ್ ಬೇಕು ಅಂದರೆ ದೊಡ್ಡ ಸ್ಲ್ಯಾಬೇ ಆಗಬೇಕು ಅಂತಿಲ್ಲ. ಅಮುಲ್‌ನ 55% ಕೋಕೋ ಇರುವ ಡಾರ್ಕ್ ಬಾರುಗಳನ್ನೇ ಮುರಿದು ಕರಗಿಸಿ ಮಾಡಬಹುದು. ನಾನು ಕಲಿತದ್ದು ಅದರಲ್ಲೇ. ನಮ್ಮ ರಾಜ್ಯದ್ದೇ ಬೇಕು ಅನ್ನುವವರಿಗೆ ಕ್ಯಾಂಪ್ಕೊ ಇದೆ. ಅಡಿಕೆ ಬೆಳೆಗಾರರ ಸಹಕಾರ ಸಂಘ ಅದು, ಪುತ್ತೂರಿನಲ್ಲಿ 1986ರಿಂದ ಅವರ ಚಾಕೊಲೇಟ್ ಕಾರ್ಖಾನೆ ನಡೆಯುತ್ತಿದೆ. ಕರಾವಳಿ ಕಡೆ ಅಡಿಕೆ ಮರದ ನೆರಳಲ್ಲೇ ಕೋಕೋ ಗಿಡ ಹಾಕುತ್ತಾರೆ. ಚನ್ನಗಿರಿ ಕಡೆಯ ನಮ್ಮ ನೆಂಟರಿಗೆ ಇದನ್ನು ಹೇಳಿದಾಗಲೆಲ್ಲ "ನಮಗೆ ಅಡಿಕೆಗೇ ನೀರು ಸಾಲ್ದು, ನಿಂದೊಂದು" ಅನ್ನುತ್ತಾರೆ.

ಚಾಕೊ ಚಿಪ್ಸ್ ಮಾತ್ರ ತರಬೇಡಿ. ಬಿಸ್ಕತ್ತಿನಲ್ಲಿ ಬೆಂದರೂ ಆಕಾರ ಬಿಡಬಾರದು ಅಂತಲೇ ಅದನ್ನು ಮಾಡಿರುತ್ತಾರೆ. ಕರಗಿಸಿದರೂ ದಪ್ಪಗೆ ಹಿಟ್ಟಿನ ಥರ ನಿಲ್ಲುತ್ತದೆ, ತಟ್ಟೆ ತುಂಬ ಹರಿಯುವುದಿಲ್ಲ.

ಇನ್ನೊಂದು ಮಾತು, ಇದು ದುಡ್ಡು ಕೊಟ್ಟು ಕಲಿತ ಪಾಠ. ಖರ್ಚು ಉಳಿಯಲಿ, ರುಚಿಯೂ ಇರಲಿ ಅಂತ ಒಮ್ಮೆ ಅರ್ಧ ಕಾಂಪೌಂಡು, ಅರ್ಧ ಪ್ಯೂರ್ ಬೆರೆಸಿದೆ. ಕರಗಿದಾಗ ಚೆನ್ನಾಗೇ ಇತ್ತು. ಎರಡನೇ ದಿನ ಮೇಲೆಲ್ಲ ಬೂದಿ ಬಳಿದ ಹಾಗೆ ಬೆಳ್ಳಗಾಯಿತು. ಮುರಿದರೆ 'ಟಕ್' ಅನ್ನಬೇಕಾದದ್ದು ಸುಮ್ನೆ ಬಾಗಿತು. ಕೋಕೋ ಬೆಣ್ಣೆಗೂ ಆ ಇನ್ನೊಂದು ಕೊಬ್ಬಿಗೂ ಹೊಂದುವುದಿಲ್ಲ. ಎರಡೂ ಸೇರಿದರೆ ಯಾವುದೂ ಸರಿಯಾಗಿ ಗಟ್ಟಿಯಾಗುವುದಿಲ್ಲ. ಒಂದೋ ಅದು, ಇಲ್ಲವೋ ಇದು.

ತಿಂಗಳು ನೋಡಿ ದಾರಿ

ಪ್ಯೂರ್ ಚಾಕೊಲೇಟು ಹೊಳೆಯಬೇಕು, ಮುರಿದಾಗ ಸದ್ದು ಬರಬೇಕು ಅಂದರೆ ಟೆಂಪರಿಂಗ್ ಮಾಡಬೇಕು. ಹೆಸರು ಕೇಳಿ ಹೆದರಬೇಡಿ. ಕೋಕೋ ಬೆಣ್ಣೆ ಆರು ಥರದ ಹರಳಾಗಿ ಗಟ್ಟಿಯಾಗಬಲ್ಲದು. ಅದರಲ್ಲಿ ನಮಗೆ ಬೇಕಾದ್ದು ಐದನೆಯದು ಮಾತ್ರ. ಆ ಹರಳು ಈಗಾಗಲೇ ಅಂಗಡಿಯಿಂದ ತಂದ ಸ್ಲ್ಯಾಬಿನಲ್ಲಿದೆ. ಹಾಲಿಗೆ ಹೆಪ್ಪು ಹಾಕುವ ಹಾಗೆ ಅದನ್ನೇ ಹೆಪ್ಪಾಗಿ ಬಳಸುವುದು, ಅಷ್ಟೇ.

400 ಗ್ರಾಂ ಡಾರ್ಕ್ ಚಾಕೊಲೇಟು ಇದ್ದರೆ 270 ಗ್ರಾಂ ಕರಗಿಸಿ. ಉಳಿದ 130 ಗ್ರಾಂ ಸಣ್ಣಗೆ ಹೆಚ್ಚಿ ಪಕ್ಕಕ್ಕಿಡಿ. ಕರಗಿದ್ದು 45ರಿಂದ 48 ಡಿಗ್ರಿಗೆ ಬಂದ ಮೇಲೆ ಒಲೆಯಿಂದ ಇಳಿಸಿ. ಹೆಚ್ಚಿಟ್ಟದ್ದನ್ನು ಹಿಡಿ ಹಿಡಿಯಾಗಿ ಹಾಕುತ್ತ ಕೈಬಿಡದೆ ತಿರುವಿ. 31-32ಕ್ಕೆ ಇಳಿದರೆ ಹದ ಬಂತು. ಮಿಲ್ಕ್ ಚಾಕೊಲೇಟಾದರೆ 40-45ಕ್ಕೆ ಕರಗಿಸಿ 29-30ಕ್ಕೆ ಇಳಿಸಬೇಕು. ಥರ್ಮಾಮೀಟರ್ ಇಲ್ಲವಾ? ಒಂದು ತೊಟ್ಟು ಕೆಳತುಟಿಯ ಕೆಳಗೆ ಮುಟ್ಟಿಸಿ ನೋಡಿ. ಬಿಸಿಯೂ ಅಲ್ಲ, ಸ್ವಲ್ಪ ತಣ್ಣಗೇ ಇದೆ ಅನಿಸಬೇಕು. ಚಾಕುವಿನ ತುದಿ ಅದ್ದಿ ಪಕ್ಕಕ್ಕಿಡಿ. ಐದು ನಿಮಿಷದಲ್ಲಿ ಒಣಗಿ ಹೊಳೆದರೆ ಗೆದ್ದಿರಿ. ಹಸಿಹಸಿಯಾಗೇ ಇದ್ದರೆ ಇನ್ನೊಂದು ಸ್ವಲ್ಪ ತಿರುವಿ.

ಇಲ್ಲೇ ತಿಂಗಳ ಲೆಕ್ಕ ಬರುವುದು. ಡಿಸೆಂಬರ್, ಜನವರಿಯ ಬೆಳಗ್ಗೆ ಆರೂವರೆಗೆ ನಮ್ಮ ಅಡುಗೆಮನೆಯಲ್ಲಿ 21 ಡಿಗ್ರಿ ಇರುತ್ತದೆ. ನೆಲಕ್ಕೆ ಕಾಲಿಟ್ಟರೆ ಚುಮುಗುಡುತ್ತದೆ. ಚಾಕೊಲೇಟಿಗೆ ಅದಕ್ಕಿಂತ ಒಳ್ಳೆ ಜಾಗ ಬೇಡ. ಹತ್ತು-ಹನ್ನೆರಡು ನಿಮಿಷ ತಿರುವಿದರೆ ತಾನೇ 31ಕ್ಕೆ ಇಳಿಯುತ್ತದೆ. ಏಪ್ರಿಲ್‌ನಲ್ಲಿ ಹೊರಗೆ 38-39 ಮುಟ್ಟುವುದು ಹೊಸದಲ್ಲ, ಆರ್‌ಸಿಸಿ ಮನೆಯೊಳಗೇ 34 ಇರುತ್ತದೆ. ಶೀಟಿನ ಮನೆಯಾದರಂತೂ ಕೇಳಲೇಬೇಡಿ. ಕೋಣೆಯೇ 34 ಇರುವಾಗ ಚಾಕೊಲೇಟು 31ಕ್ಕೆ ಇಳಿಯುವುದಾದರೂ ಹೇಗೆ? ಅರ್ಧ ಗಂಟೆ ತಿರುವಿ ನನ್ನ ರಟ್ಟೆ ಬಿದ್ದುಹೋಯಿತೇ ಹೊರತು ಅದು ಇಳಿಯಲಿಲ್ಲ. ಆ ಹುಟ್ಟುಹಬ್ಬದ ಕಥೆ ಇದೇ.

ಹಾಗಾಗಿ ನನ್ನ ಲೆಕ್ಕ ಹೀಗಿದೆ. ನವೆಂಬರ್ ಮಧ್ಯದಿಂದ ಫೆಬ್ರವರಿ ಮೊದಲ ವಾರದವರೆಗೆ ಪ್ಯೂರ್, ಟೆಂಪರಿಂಗ್ ಮಾಡಿ, ಬೆಳಗಿನ ಹೊತ್ತಲ್ಲಿ. ಇದರಂಥ ರುಚಿ ಬೇರೆ ಯಾವ ದಾರಿಯಲ್ಲೂ ಬರುವುದಿಲ್ಲ. ಮಾರ್ಚ್‌ನಿಂದ ಮೇವರೆಗೆ ಹೊರಗೆ ಕೊಡುವುದಿದ್ದರೆ ಕಾಂಪೌಂಡು. ಮನೆಯವರೇ ತಿನ್ನುವುದಿದ್ದರೆ ಮೂರನೇ ದಾರಿಯೊಂದಿದೆ, ಅದನ್ನು ಯಾರೂ ಹೇಳುವುದೇ ಇಲ್ಲ. ಪ್ಯೂರ್ ಚಾಕೊಲೇಟನ್ನೇ ಕರಗಿಸಿ, ಟೆಂಪರಿಂಗಿನ ತಂಟೆಗೆ ಹೋಗದೆ ಹರಡಿ, ನೇರ ಫ್ರಿಜ್ಜಿಗಿಟ್ಟು, ಫ್ರಿಜ್ಜಿನಿಂದಲೇ ತೆಗೆದು ತಿನ್ನುವುದು. ಹೊಳಪು ಕಡಿಮೆ. ಕೈಯಲ್ಲಿ ಹಿಡಿದರೆ ಬೇಗ ಅಂಟುತ್ತದೆ. ನಾಲ್ಕೈದು ದಿನ ಬಿಟ್ಟರೆ ಬಿಳಿ ಮಚ್ಚೆ ಬರಬಹುದು. ಅದು ಬೂಷ್ಟಲ್ಲ, ಕೊಬ್ಬು ಮೇಲೆ ಬಂದಿರುತ್ತದೆ, ತಿಂದರೆ ಏನೂ ಆಗುವುದಿಲ್ಲ. ನಮ್ಮನೆಯಲ್ಲಿ ನಾಲ್ಕೈದು ದಿನ ಉಳಿಯುವುದೇ ಇಲ್ಲ, ಹಾಗಾಗಿ ಈ ಮಚ್ಚೆಯನ್ನು ನಾನು ನೋಡಿದ್ದೇ ಕಡಿಮೆ.

ಮಳೆಗಾಲ ಈ ಎರಡರ ನಡುವಿನದು. ಬಿಸಿ ಕಡಿಮೆ, ಟೆಂಪರಿಂಗ್ ಆಗುತ್ತದೆ. ಆದರೆ ಗಾಳಿಯಲ್ಲಿ ತೇವ ಜಾಸ್ತಿ. ಹುರಿದ ಶೇಂಗಾ ಒಂದು ಗಂಟೆ ಹೊರಗಿಟ್ಟರೆ ಮೆತ್ತಗಾಗುತ್ತದೆ. ಹುರಿದ ಹಾಗೇ ಆರಿಸಿ, ಆರಿದ ಹಾಗೇ ಬಳಸಿ. ಚಿತ್ರದುರ್ಗದವರಿಗೆ ಇಲ್ಲೆಲ್ಲ ಸ್ವಲ್ಪ ಅನುಕೂಲ ಇದೆ ಅಂತ ನನ್ನ ಹೊಟ್ಟೆಕಿಚ್ಚು. ಅವರದು ನಮಗಿಂತ ಎತ್ತರದ ಊರು, ಸಂಜೆಯಾದರೆ ಜೋಗಿಮಟ್ಟಿ ಬೆಟ್ಟದ ಕಡೆಯಿಂದ ಗಾಳಿ ಬೀಸುತ್ತದೆ.

ಡಾರ್ಕ್, ಮಿಲ್ಕ್, ವೈಟ್

ಇದರಲ್ಲಿ ನನಗೆ ಜಾಸ್ತಿ ಹೇಳುವುದೇನಿಲ್ಲ. ಡ್ರೈಫ್ರೂಟ್‌ಗಳಿಗೆ ತಮ್ಮದೇ ಸಿಹಿ ಇದೆ. ಅದರ ಮೇಲೆ ಮಿಲ್ಕ್ ಚಾಕೊಲೇಟಿನ ಸಿಹಿ ಸೇರಿದರೆ ಎರಡನೇ ಚೂರಿಗೇ ಬಾಯಿ ಕಟ್ಟುತ್ತದೆ. 55% ಡಾರ್ಕ್ ಹದವಾಗಿದೆ. ಮಕ್ಕಳು ಕಹಿ ಅಂದರೆ ಡಾರ್ಕ್ ಮತ್ತು ಮಿಲ್ಕ್ ಅರ್ಧರ್ಧ ಬೆರೆಸಿ, ಎರಡೂ ಪ್ಯೂರ್ ಆಗಿದ್ದರೆ ಇದಕ್ಕೇನೂ ತೊಂದರೆ ಇಲ್ಲ. 75% ಮೇಲಿನದು ನಮ್ಮ ಮನೆಯಲ್ಲಿ ನಾನೊಬ್ಬಳೇ ತಿನ್ನುವುದು. ವೈಟ್ ಚಾಕೊಲೇಟಿನಲ್ಲಿ ಕೋಕೋದ ಕಂದು ಭಾಗ ಇರುವುದೇ ಇಲ್ಲ, ಬರೀ ಕೋಕೋ ಬೆಣ್ಣೆ, ಹಾಲಿನ ಪುಡಿ, ಸಕ್ಕರೆ. ಬೇಗ ಸೀದುಹೋಗುತ್ತದೆ. ಉಪ್ಪು ಪಿಸ್ತಾ, ಹುಳಿ ಕ್ರ್ಯಾನ್‌ಬೆರಿ ಜೊತೆಗಾದರೆ ಪರವಾಗಿಲ್ಲ. ಖರ್ಜೂರದ ಜೊತೆ ಬೇಡವೇ ಬೇಡ.

ಕರಗಿಸುವಾಗ ನೀರೇ ಶತ್ರು

ಪಾತ್ರೆಯ ಮೇಲೆ ಪಾತ್ರೆ ಇಟ್ಟು ಹಬೆಯಲ್ಲಿ ಕರಗಿಸುವುದು ಒಂದು, ಮೈಕ್ರೊವೇವ್ ಇನ್ನೊಂದು. ಮೈಕ್ರೊವೇವ್ ಇದ್ದರೆ ಅದನ್ನೇ ಹಿಡಿಯಿರಿ. ಅರ್ಧ ಪವರಿನಲ್ಲಿ 30 ಸೆಕೆಂಡು, ತೆಗೆದು ತಿರುವಿ, ಮತ್ತೆ 30 ಸೆಕೆಂಡು. ಮುಕ್ಕಾಲು ಕರಗಿದ ಮೇಲೆ ಹೊರಗೇ ತಿರುವಿದರೆ ಉಳಿದದ್ದೂ ಕರಗುತ್ತದೆ. ನಾನು ಇದನ್ನು ಮೇಲು ಅನ್ನುವುದಕ್ಕೆ ಒಂದೇ ಕಾರಣ, ಅಲ್ಲಿ ನೀರಿಲ್ಲ.

ಹಬೆಯಲ್ಲಿ ಮಾಡುವಾಗ ಏನಾಗುತ್ತದೆ ನೋಡಿ. ಕೆಳಗಿನ ಡಬರಿಯಲ್ಲಿ ಎರಡು ಬೆರಳು ನೀರು, ಮೇಲೆ ಸ್ಟೀಲ್ ಪಾತ್ರೆ. ನನ್ನ ಪಾತ್ರೆ ಡಬರಿಗಿಂತ ಚಿಕ್ಕದಿತ್ತು. ಪಕ್ಕದ ಸಂದಿನಿಂದ ಹಬೆ ಮೇಲೆ ಬಂದು ಸೌಟಿಗೆ ಹನಿಕಟ್ಟಿತು. ಒಂದೇ ಹನಿ ಚಾಕೊಲೇಟಿಗೆ ಬಿತ್ತು. ಅಲ್ಲಿಯವರೆಗೂ ರೇಷ್ಮೆಯ ಹಾಗೆ ಹರಿಯುತ್ತಿದ್ದದ್ದು ಸೌಟಿನ ಸುತ್ತ ಗರಣೆ ಕಟ್ಟಿತು. ಒಂದು ನಿಮಿಷದಲ್ಲಿ ಇಡೀ ಪಾತ್ರೆ ಒದ್ದೆ ಕೆಮ್ಮಣ್ಣಿನ ಮುದ್ದೆಯಂತಾಯಿತು. ಚಾಕೊಲೇಟಿನಲ್ಲಿರುವ ಸಕ್ಕರೆ, ಕೋಕೋ ಪುಡಿ ಆ ಒಂದು ಹನಿ ನೀರನ್ನು ಹಿಡಿದುಕೊಂಡು ಒಂದಕ್ಕೊಂದು ಅಂಟಿಕೊಳ್ಳುತ್ತವಂತೆ. ತಮಾಷೆ ಅಂದರೆ, ಸ್ವಲ್ಪ ನೀರು ಕೆಡಿಸಿದ್ದನ್ನು ಜಾಸ್ತಿ ನೀರು ಸರಿಮಾಡುತ್ತದೆ. ಬಿಸಿ ಹಾಲು ಸುರಿದು ತಿರುವಿದರೆ ಮತ್ತೆ ನುಣುಪಾಗುತ್ತದೆ. ಆದರೆ ಅದು ಬಾರ್ಕಿಗೆ ಬರುವುದಿಲ್ಲ, ಐಸ್‌ಕ್ರೀಮಿನ ಮೇಲೆ ಸುರಿದುಕೊಳ್ಳಬೇಕು.

ಹಬೆಯಲ್ಲೇ ಮಾಡುವುದಾದರೆ ಮೇಲಿನ ಪಾತ್ರೆ ಕೆಳಗಿನದಕ್ಕಿಂತ ಅಗಲ ಇರಲಿ, ಬಾಯಿ ಪೂರ್ತಿ ಮುಚ್ಚಬೇಕು. ನೀರು ಅದರ ತಳ ಮುಟ್ಟಬಾರದು. ನೀರು ಕುದಿ ಬಂದ ಮೇಲೆ ಒಲೆ ಆರಿಸಿಯೇ ಇಡಿ, ಆ ಬಿಸಿಯೇ ಸಾಕು. ಸೌಟು, ಪಾತ್ರೆ, ಕೈ, ಎಲ್ಲ ಒಣಬಟ್ಟೆಯಲ್ಲಿ ಒರೆಸಿ. ಮರದ ಸೌಟು ಬೇಡ, ಅದರೊಳಗೆ ತೇವ ಕೂತಿರುತ್ತದೆ, ಸಾರಿನ ಒಗ್ಗರಣೆಯ ವಾಸನೆಯೂ.

ಏಪ್ರಿಲ್‌ನಲ್ಲಿ ಮೂರನೇ ದಾರಿಯೂ ಇದೆ. ಹಪ್ಪಳ ಒಣಗಿಸುವ ಮಾಳಿಗೆ ಮೇಲೆ ಮುಚ್ಚಿದ ಸ್ಟೀಲ್ ಡಬ್ಬಿಯಲ್ಲಿಟ್ಟು ಬನ್ನಿ. ನಾನು ಮಾಡಿ ನೋಡಿದ್ದೇನೆ, ಕರಗುತ್ತದೆ. ಗ್ಯಾಸ್ ಉಳಿಯಿತು ಅಂತ ಖುಷಿಪಡಬಹುದು, ಮತ್ತೆ ಗಟ್ಟಿ ಮಾಡುವ ಚಿಂತೆ ಸಂಜೆಗೆ.

ಮೇಲೆ ಏನು ಉದುರಿಸುವುದು?

ಫೋಟೋಗಳಲ್ಲಿ ನೋಡಿದರೆ ಬಾದಾಮಿ, ಪಿಸ್ತಾ, ಕ್ರ್ಯಾನ್‌ಬೆರಿ. ಚೆನ್ನಾಗಿರುತ್ತದೆ, ಇಲ್ಲ ಅನ್ನುವುದಿಲ್ಲ. ಆದರೆ ಡಾರ್ಕ್ ಚಾಕೊಲೇಟಿಗೆ ಹೊಂದುವುದರಲ್ಲಿ ಶೇಂಗಾವನ್ನು ಮೀರಿಸುವುದು ಇನ್ನೂ ನನಗೆ ಸಿಕ್ಕಿಲ್ಲ. ನನ್ನ ತವರು ಚಳ್ಳಕೆರೆ ಕಡೆ, ಹಾಗಾಗಿ ಪಕ್ಷಪಾತ ಇದೆ ಅಂತಲೇ ಇಟ್ಟುಕೊಳ್ಳಿ. ಎಣ್ಣೆ ಮಿಲ್ಲುಗಳ ಊರು ಅದು. ಕೊಯ್ಲಾದ ಮೇಲೆ ಅಪ್ಪ ಅರ್ಧ ಚೀಲ ಕಾಯಿ ಬಸ್ಸಿಗೆ ಹಾಕಿ ಕಳಿಸುತ್ತಾರೆ. ಪೇಟೆಯಲ್ಲಿ ಸಿಗುವ ದಪ್ಪ ಕಾಳು ನೋಡುವುದಕ್ಕೆ ಚೆಂದ. ನಮ್ಮ ಕಡೆಯ ಸಣ್ಣ ಕಾಳಿಗೆ ಪರಿಮಳ ಜಾಸ್ತಿ, ಬಾರ್ಕಿನ ತೆಳುವಿಗೂ ಅದೇ ಸರಿ. ದಪ್ಪ ಕಾಳು ಇಡಿಯಾಗಿ ಹಾಕಿದರೆ ಮುರಿಯುವಾಗ ಚಾಕೊಲೇಟಿನಿಂದ ಕಿತ್ತು ಉದುರುತ್ತದೆ.

ಹುರಿಯುವುದರಲ್ಲಿ ಅವಸರ ಬೇಡ. ದಪ್ಪ ತಳದ ಬಾಣಲೆ, ಸಣ್ಣ ಉರಿ, ಹನ್ನೆರಡು ನಿಮಿಷ. ಮೊದಲು ಚಟಪಟ ಅನ್ನುತ್ತದೆ, ಆಮೇಲೆ ಸುಮ್ಮನಾಗುತ್ತದೆ. ಆ ಸುಮ್ಮನಾದ ಮೇಲೂ ಎರಡು ನಿಮಿಷ. ಒಂದು ಕಾಳನ್ನು ಎರಡು ಹೋಳು ಮಾಡಿ ನೋಡಿ, ಒಳಗೆ ಬಿಸ್ಕತ್ತಿನ ಬಣ್ಣ ಬಂದಿರಬೇಕು. ಪೂರ್ತಿ ಆರಿದ ಮೇಲೆ ಕೈಯಲ್ಲಿ ಉಜ್ಜಿ, ಮೊರದಲ್ಲಿ ಕೇರಿ ಸಿಪ್ಪೆ ಹಾರಿಸಿ. ಈ ಕೆಲಸ ನಮ್ಮತ್ತೆಯದು. ಅವರು ಕೇರಿದ ಮೊರದಲ್ಲಿ ಒಂದು ಸಿಪ್ಪೆ ಸಿಗುವುದಿಲ್ಲ, ನಾನು ಕೇರಿದರೆ ಅರ್ಧ ಕಾಳು ನೆಲದ ಮೇಲೆ. ಸುರುಟಿದ, ಕಪ್ಪಾದ, ಬೂಷ್ಟು ಹಿಡಿದ ಕಾಳನ್ನು ಆರಿಸಿ ಎಸೆಯಿರಿ. ಆ ಬೂಷ್ಟು ಮೈಗೆ ವಿಷ. ಒಂದು ಕಮಟು ಕಾಳು ಸಿಕ್ಕಿದರೆ ತಿಂದ ರುಚಿಯೆಲ್ಲ ಹೋಗುತ್ತದೆ, ಅದು ಬೇರೆ. ಕೊನೆಗೆ ಚಿಟಿಕೆ ಪುಡಿ ಉಪ್ಪು. ಉಪ್ಪು ಬೀಳದ ಶೇಂಗಾ ಬಾರ್ಕು ನನ್ನ ಪ್ರಕಾರ ಅರ್ಧ ಮಾಡಿದ ಅಡುಗೆ.

ಗೋಡಂಬಿ ಮೆತ್ತಗೆ, ಬೆಣ್ಣೆಯ ರುಚಿ. ಮಿಲ್ಕ್ ಚಾಕೊಲೇಟಿಗೆ ಸರಿ, ಡಾರ್ಕಿನಲ್ಲಿ ಕಳೆದುಹೋಗುತ್ತದೆ. ಹೋಳು ತಂದರೆ ಸಾಕು, ಇಡೀ ಗೋಡಂಬಿಗೆ ದುಡ್ಡು ಸುರಿಯಬೇಡಿ. ಬಾದಾಮಿ ಹುರಿದು ಉದ್ದಕ್ಕೆ ಸೀಳಿದರೆ ಚೆನ್ನ. ಅಕ್ರೋಟ್ ಬೇಗ ಕಮಟುತ್ತದೆ, ಬೇಸಿಗೆಯಲ್ಲಿ ಫ್ರಿಜ್ಜಿನಲ್ಲೇ ಇಡಬೇಕು. ಪಿಸ್ತಾ ಬಣ್ಣಕ್ಕೆ. ಹೊರಗೆ ಹಂಚುವಾಗ ಮಾತ್ರ ಶೇಂಗಾ ಇದೆ, ಗೋಡಂಬಿ ಇದೆ ಅಂತ ಬಾಯಿಬಿಟ್ಟು ಹೇಳಿ. ಅಲರ್ಜಿ ಇರುವ ಮಕ್ಕಳು ಇರುತ್ತಾರೆ. ಸಣ್ಣ ಮಕ್ಕಳಿಗೆ ಇಡೀ ಕಾಳು ಹಾಕಿದ್ದು ಕೊಡಲೇಬೇಡಿ, ಗಂಟಲಿಗೆ ಸಿಕ್ಕಿಕೊಳ್ಳುತ್ತದೆ.

ಹಣ್ಣಿನ ವಿಷಯದಲ್ಲಿ ಒಂದೇ ಪರೀಕ್ಷೆ. ಟಿಶ್ಯೂ ಪೇಪರಿನಲ್ಲಿಟ್ಟು ಒತ್ತಿ. ಪೇಪರಿಗೆ ಒದ್ದೆ ಬಂದರೆ ಬೇಡ. ವಿಜಯಪುರದ ಕಡೆಯಿಂದ ಬರುವ ಉದ್ದ ಒಣದ್ರಾಕ್ಷಿ ಇದರಲ್ಲಿ ಯಾವಾಗಲೂ ಪಾಸು. ಬೀಜ ಇರುವ ಕಪ್ಪು ದ್ರಾಕ್ಷಿ ಮದ್ದಿಗೆ ಸರಿ, ಇದಕ್ಕಲ್ಲ. ಒಮ್ಮೆ ನನ್ನ ನಾದಿನಿ ಸಹಾಯಕ್ಕೆ ಬಂದು, ಧೂಳಿರುತ್ತದೆ ಅಂತ ದ್ರಾಕ್ಷಿಯನ್ನು ತೊಳೆದು ಬಟ್ಟೆಯಲ್ಲಿ ಒರೆಸಿ ಕೊಟ್ಟಳು. ತೊಳೆಯುವುದು ತಪ್ಪಲ್ಲ, ತೊಳೆದ ಮೇಲೆ ಒಂದು ದಿನ ಪೂರ್ತಿ ಬಿಸಿಲಿಗೆ ಹಾಕಬೇಕಿತ್ತು. ಪ್ರತಿ ದ್ರಾಕ್ಷಿಯ ಸುತ್ತ ಚಾಕೊಲೇಟು ಗಂಟು ಕಟ್ಟಿತು. ಅವಳಿಗೆ ಏನೂ ಹೇಳಲಿಲ್ಲ. ಇದನ್ನು ಓದಿದರೆ ಗೊತ್ತಾಗಲಿ.

ಒಣ ಅಂಜೂರ ತುಂಬ ಚೆನ್ನಾಗಿರುತ್ತದೆ. ಒಳಗಿನ ಸಣ್ಣ ಬೀಜ ಹಲ್ಲಿಗೆ ಸಿಕ್ಕಾಗ ಕರಕರ ಅನ್ನುತ್ತದೆ. ಹಸಿ ಖರ್ಜೂರ ಅಂಟು, ಅದರ ಬದಲು ಉತ್ತತ್ತಿಯನ್ನು ಅಡಿಕೆಯ ಹಾಗೆ ಸಣ್ಣಗೆ ಕತ್ತರಿಸಿ ಹಾಕಿ. ಟೂಟಿ ಫ್ರೂಟಿ ಪಾಕದಲ್ಲಿ ನೆನೆದದ್ದು, ಟಿಶ್ಯೂ ಪರೀಕ್ಷೆಯಲ್ಲಿ ಫೇಲು. ದುರ್ಗದ ಜಿಲ್ಲೆಯ ದಾಳಿಂಬೆ ಸಿಕ್ಕಿತು ಅಂತ ಒಮ್ಮೆ ಹಸಿ ಕಾಳನ್ನೇ ಉದುರಿಸಿದೆ. ಮಧ್ಯಾಹ್ನ ಮಾಣಿಕ್ಯದ ಹಾಗೆ ಹೊಳೆಯಿತು, ಸಂಜೆಗೆ ರಸ ಬಿಟ್ಟಿತು. ಮಾಡಿದ ಒಂದೆರಡು ಗಂಟೆಯಲ್ಲಿ ಮುಗಿಸುವುದಾದರೆ ಸರಿ.

ಈಗ ನನ್ನ ಇಷ್ಟದ್ದು. ಸಂಕ್ರಾಂತಿ ಮುಗಿದ ಮೇಲೆ ಪ್ರತಿ ಮನೆಯಲ್ಲೂ ಒಂದು ಡಬ್ಬಿ ಎಳ್ಳು-ಬೆಲ್ಲ ಉಳಿದಿರುತ್ತದೆ, ಅಲ್ವಾ? ಶೇಂಗಾ, ಪುಟಾಣಿ, ಒಣಕೊಬ್ಬರಿ ಚೂರು, ಎಳ್ಳು, ಬೆಲ್ಲ. ಎಲ್ಲವೂ ಒಣ, ಎಲ್ಲವೂ ಸಣ್ಣ, ಹುರಿದೇ ಇರುತ್ತದೆ. ಹೊರಗೆ ಚಾಕೊಲೇಟಿಗೆ ಬೇಕಾದ ಚಳಿಯೂ ಇರುತ್ತದೆ. ಬೆಲ್ಲದ ಚೂರನ್ನು ಮಾತ್ರ ಆದಷ್ಟು ಆರಿಸಿ ತೆಗೆಯಿರಿ, ಅದು ಗಾಳಿಯ ತೇವ ಎಳೆದುಕೊಂಡು ಬೆವರುತ್ತದೆ. ಉಳಿದದ್ದನ್ನು 55% ಡಾರ್ಕಿನ ಮೇಲೆ ಧಾರಾಳವಾಗಿ ಉದುರಿಸಿ. ಕೊಬ್ಬರಿ, ಎಳ್ಳು, ಡಾರ್ಕ್ ಚಾಕೊಲೇಟು ಮೂರೂ ಸೇರಿದಾಗ ಬರುವ ವಾಸನೆಗೆ ಪಕ್ಕದ ಮನೆಯವರು ಬಾಗಿಲು ತಟ್ಟುತ್ತಾರೆ.

ದಾವಣಗೆರೆಯಲ್ಲಿದ್ದು ಮಂಡಕ್ಕಿ ಹಾಕದಿದ್ದರೆ ಹೇಗೆ? ಭಟ್ಟಿಯಿಂದ ಅವತ್ತೇ ತಂದ ಮಂಡಕ್ಕಿಯನ್ನು ಬಾಣಲೆಯಲ್ಲಿ ಎರಡು ನಿಮಿಷ ಬೆಚ್ಚಗೆ ಮಾಡಿ, ಆರಿಸಿ, ಕರಗಿದ ಚಾಕೊಲೇಟಿಗೇ ಬೆರೆಸಿ. ಮೇಲೆ ಉದುರಿಸಿದರೆ ಗಾಳಿಗೆ ಮೆತ್ತಗಾಗುತ್ತದೆ, ಒಳಗೆ ಸೇರಿದರೆ ಚಾಕೊಲೇಟೇ ಕಾಪಾಡುತ್ತದೆ. ಕಡಿಮೆ ಚಾಕೊಲೇಟಿನಲ್ಲಿ ಜಾಸ್ತಿ ಬಾರ್ಕ್ ಆಗುವುದೂ ಇದರಲ್ಲೇ. ಮಕ್ಕಳಿಗೆ ಬಾದಾಮಿ ಬಾರ್ಕು, ಮಂಡಕ್ಕಿ ಬಾರ್ಕು ಎರಡೂ ಮುಂದಿಟ್ಟು ನೋಡಿ. ನಮ್ಮ ಮನೆಯಲ್ಲಿ ಬಾದಾಮಿಯದು ದೊಡ್ಡವರಿಗೆ ಉಳಿಯಿತು.

ಶೇಂಗಾ, ಗೋಡಂಬಿಗೂ ಈ ಒಳಗೆ-ಹೊರಗೆಯ ಲೆಕ್ಕ ಇದೆ. ಬೆರೆಸಿದರೆ ಗರಿ ಉಳಿಯುತ್ತದೆ, ಉದುರಿಸಿದರೆ ಕಣ್ಣಿಗೆ ಚೆಂದ. ನಾನು ಅರ್ಧ ಬೆರೆಸಿ ಅರ್ಧ ಉದುರಿಸುತ್ತೇನೆ. 400 ಗ್ರಾಂ ಚಾಕೊಲೇಟಿಗೆ ಎಲ್ಲ ಸೇರಿ 150 ಗ್ರಾಂ. ಅದಕ್ಕಿಂತ ಜಾಸ್ತಿ ಹಾಕಿದರೆ ಹಿಡಿದುಕೊಳ್ಳುವುದಕ್ಕೆ ಚಾಕೊಲೇಟೇ ಇರುವುದಿಲ್ಲ.

ಹರಡಿ, ಮುರಿದು, ಡಬ್ಬಿಗೆ

400 ಗ್ರಾಂ ಚಾಕೊಲೇಟನ್ನು 25 ಸೆಂ.ಮೀ. ಅಗಲ, 30 ಸೆಂ.ಮೀ. ಉದ್ದಕ್ಕೆ ಹರಡಿದರೆ ಸುಮಾರು 4 ಮಿ.ಮೀ. ದಪ್ಪ ಬರುತ್ತದೆ. ಅದೇ ಹದ. ಕೆಳಗೆ ಬಟರ್ ಪೇಪರ್ ಇರಲಿ. ಫಾಯಿಲ್ ಸುಕ್ಕಾಗಿ ಚೂರಿಗೆ ಅಂಟಿಕೊಳ್ಳುತ್ತದೆ. ತಟ್ಟೆಗೆ ತುಪ್ಪ ಸವರುವ ಅಭ್ಯಾಸವನ್ನು ಮೈಸೂರುಪಾಕಿಗೇ ಇಟ್ಟುಕೊಳ್ಳಿ. ಹರಡಿದ ತಕ್ಷಣ ಉದುರಿಸಿ, ತಡಮಾಡಿದರೆ ಮೇಲ್ಮೈ ಕಟ್ಟಿ ಕಾಳು ನಿಲ್ಲುವುದಿಲ್ಲ.

ಟೆಂಪರ್ ಆದದ್ದು ಚಳಿಗಾಲದಲ್ಲಿ ಹೊರಗೇ ಅರ್ಧ ಗಂಟೆಯಲ್ಲಿ ಗಟ್ಟಿಯಾಗುತ್ತದೆ. ಬೇರೆ ದಿನಗಳಲ್ಲಿ ಫ್ರಿಜ್ಜಿನ ಕೆಳಗಿನ ಹಲಗೆಯಲ್ಲಿ 15-20 ನಿಮಿಷ. ಫ್ರೀಜರ್ ಬೇಡ. ಫ್ರಿಜ್ಜಿನಲ್ಲಿ ಇಡುವಾಗ ಬಿಗಿ ಮುಚ್ಚಳದ ಡಬ್ಬಿ ಬೇಕೇಬೇಕು. ಕೋಕೋ ಬೆಣ್ಣೆ ವಾಸನೆಯನ್ನು ಹೀರುತ್ತದೆ. ನಮ್ಮ ಫ್ರಿಜ್ಜಿನಲ್ಲಿ ಬೆಳ್ಳುಳ್ಳಿ ಖಾರ ಯಾವಾಗಲೂ ಇರುತ್ತದೆ, ಒಂದು ಬ್ಯಾಚು ಅದರ ರುಚಿಯಲ್ಲೇ ಹೋಯಿತು. ಹೊರಗೆ ತೆಗೆದ ಮೇಲೆ ಅರ್ಧ ಗಂಟೆ ಮುಚ್ಚಳ ತೆಗೆಯಬೇಡಿ. ತಕ್ಷಣ ತೆಗೆದರೆ ತಣ್ಣನೆ ಚೂರಿನ ಮೇಲೆ ಗಾಳಿಯ ತೇವ ಹನಿಕಟ್ಟುತ್ತದೆ, ಒಣಗಿದ ಮೇಲೆ ಸಕ್ಕರೆ ಬಿಳಿಯಾಗಿ ಉಳಿಯುತ್ತದೆ. ಹೀಗೆ ಇಟ್ಟರೆ ಹದಿನೈದು ದಿನ ಚಿಂತೆಯಿಲ್ಲ.

ಊರಿಗೆ ಕಳಿಸುವ ವಿಷಯ. ಬೆಂಗಳೂರಿನಲ್ಲಿರುವ ತಂಗಿಗೆ ಒಮ್ಮೆ ಮಾರ್ಚ್ ಕೊನೆಯಲ್ಲಿ ಕೊರಿಯರ್ ಮಾಡಿದೆ. ಇಲ್ಲಿಂದ ಬರೀ 260 ಕಿ.ಮೀ. ಎರಡು ದಿನ ಯಾವುದೋ ಗೋಡೌನಿನಲ್ಲಿ ಕೂತು, ಅವಳಿಗೆ ಸಿಕ್ಕಿದ್ದು ಡಬ್ಬಿಯ ಆಕಾರದ ಒಂದು ಇಟ್ಟಿಗೆ. ಈಗ ಯಾರಾದರೂ ರಾತ್ರಿ ಬಸ್ಸಿಗೆ ಹೊರಟರೆ ಅವರ ಕೈಯಲ್ಲೇ ಕಳಿಸುತ್ತೇನೆ. ಚೂರುಗಳ ಮಧ್ಯೆ ಬಟರ್ ಪೇಪರ್, ಡಬ್ಬಿಯ ಸುತ್ತ ಎರಡು ಸುತ್ತು ನ್ಯೂಸ್ ಪೇಪರ್, ಅದರ ಮೇಲೆ ಹಳೇ ಟವೆಲ್. ಕಿಟಕಿ ಪಕ್ಕ ಇಡಬೇಡಿ, ಎಂಜಿನ್ ಹತ್ತಿರವಂತೂ ಬೇಡವೇ ಬೇಡ ಅಂತ ಎರಡು ಸಲ ಹೇಳುತ್ತೇನೆ.

ಮುರಿಯುವಾಗ ಬಟರ್ ಪೇಪರಿನ ಮೇಲೆ ಒಂದಷ್ಟು ಪುಡಿ, ತುಂಡು ಶೇಂಗಾ, ಎಳ್ಳು ಉಳಿಯುತ್ತದೆ. ಪೇಪರನ್ನು ಮಡಚಿ ಅದನ್ನು ನೇರವಾಗಿ ಲೋಟದ ಬಿಸಿ ಹಾಲಿಗೆ ಉದುರಿಸಿ. ಆ ಲೋಟ ಮಾಡಿದವರಿಗೆ, ಕೇಳಿದರೂ ಯಾರಿಗೂ ಕೊಡಬೇಡಿ.